ಬೆಕ್ಕಿಗೆ ಕೊಟ್ಟ ಹೆಸರು

“ತಿಪ್ಪವ್ವಾ! ಏ ತಿಪ್ಪವ್ವಾ! ಮ್ಯಾಲೆ ಬಾ, ಬಿಸಿ ರೊಟ್ಟಿ ಆರತಾವ!”

ಎರಡನೇ ಮಹಡಿಯ ಗ್ಯಾಲರಿಯಿಂದ ಅಜ್ಜಿ ತನ್ನನ್ನು ಕರೆಯುವ ದನಿ ಕೇಳಿದ್ದೇ ತಡ, ಪಾರ್ಕಿಂಗಿನಲ್ಲಿ ಲೂನಾ ಗಾಡಿಯ ಹಿಂದೆ ಅಡಗಿ ಕೂತಿದ್ದ ರೇಣುವಿಗೆ ನೆಲ ಬಾಯಿಬಿಟ್ಟರೆ ಇಳಿದುಹೋಗೋಣ ಎನ್ನಿಸಿತು. ಮರಾಠಿ ಶಹರದ ಕೋಥರೂಡ್ ಬಡಾವಣೆಯ ಆ ಸೊಸೈಟಿಯಲ್ಲಿ ಮೂವತ್ತಾರು ಮನೆ. ಮೂವತ್ತಾರಕ್ಕೂ ಕೇಳುವಂಥ ಗಂಟಲು ಶಿವಬಸವ್ವಜ್ಜಿಯದು. ಬಿಜಾಪುರದ ಕಡೆಯ ಹೊಲದಲ್ಲಿ ಈ ಬದುವಿನಿಂದ ಆ ಬದುವಿಗೆ ಕೂಗಿ ಪಳಗಿದ ಗಂಟಲದು. ಸಣ್ಣದಾಗು ಎಂದರೆ ಆಗುತ್ತದೆಯೇ?

ಆಟ ನಿಂತೇಹೋಯಿತು.

“ನಿಮ್ಮ ಆಜಿ ಯಾರನ್ನ ಕರೀತಿದಾರೆ?” ಜೊತೆಗೆ ಆಡುತ್ತಿದ್ದ ಅವಧೂತ ಮರಾಠಿಯಲ್ಲಿ ಕೇಳಿದ. “ತಿಪವ್ವಾ ಅಂದ್ರೆ ಏನರ್ಥ?”

ಅರ್ಥವಂತೆ ಅರ್ಥ! ಆ ವಾರವೆಲ್ಲ ಮಕ್ಕಳಿಗೆ ಅದೇ ಹುಚ್ಚು. ಎಲ್ಲರೂ ತಮ್ಮ ತಮ್ಮ ಹೆಸರಿನ ಅರ್ಥ ಬರೆದುಕೊಂಡು ಸೋಮವಾರ ಬನ್ನಿ ಎಂದು ಐದನೇ ಕ್ಲಾಸಿನ ಟೀಚರ್ ಹೋಮ್‌ವರ್ಕ್ ಕೊಟ್ಟಿದ್ದರು. ಅವಧೂತ ಎಂದರೆ ಎಲ್ಲವನ್ನೂ ಬಿಟ್ಟುಕೊಟ್ಟ ಸಂನ್ಯಾಸಿಯಂತೆ. ಇವನೋ, ಒಂದು ಬಿಸ್ಕೀಟನ್ನೂ ಬಿಟ್ಟುಕೊಟ್ಟವನಲ್ಲ!

ತಿಪ್ಪೆ ಎಂದರೇನೆಂದು ರೇಣುವಿಗೆ ಚೆನ್ನಾಗಿ ಗೊತ್ತಿತ್ತು. ರಜೆಗೆ ಊರಿಗೆ ಹೋದಾಗ ನೋಡಿದ್ದಳು. ಸಗಣಿ, ಬೂದಿ, ಕಸ, ಅದರ ಮೇಲೆ ಕೆದರುವ ಕೋಳಿಗಳು. ಅದನ್ನು ಇವರಿಗೆ ಹೇಳಿದರೆ ನಾಳೆ ಇಡೀ ಕ್ಲಾಸು ಮೂಗು ಮುಚ್ಚಿಕೊಳ್ಳುತ್ತದೆ. ಅಷ್ಟರಲ್ಲಿ ಕಾಂಪೌಂಡ್ ಗೋಡೆಯ ಮೇಲೆ ಕಂದು ಬೆಕ್ಕೊಂದು ನಡೆದು ಬಂತು.

“ಅದು... ಆ ಬೆಕ್ಕಿನ ಹೆಸರು,” ಎಂದು ರೇಣು ಬಾಯಿಗೆ ಬಂದದ್ದು ಹೇಳಿಬಿಟ್ಟಳು. “ಅಜ್ಜಿ ಅದಕ್ಕೆ ರೊಟ್ಟಿ ಹಾಕ್ತಾಳೆ.”

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಮರುದಿನ ಶಾಲೆ ಬಿಟ್ಟು ಬಂದೊಡನೆ ಹುಡುಗರೆಲ್ಲ ಸೇರಿ ಇಲ್ಲಿ ಬಾ, ಇಲ್ಲಿ ಬಾ ಎನ್ನುತ್ತ ಆ ಬೆಕ್ಕಿನ ಬೆನ್ನು ಹತ್ತಿದರು. “ತಿಪವ್ವಾ, ತಿಪವ್ವಾ! ಇಕಡೇ ಯೇ!”

ಅದೇ ಹೊತ್ತಿಗೆ ಅಜ್ಜಿ ಕೊತ್ತಂಬರಿ ತರಲೆಂದು ಚೀಲ ಹಿಡಿದು ಮೆಟ್ಟಿಲಿಳಿಯುತ್ತಿದ್ದಳು. ಆ ಹೆಸರು ಕಿವಿಗೆ ಬಿದ್ದದ್ದೇ ಮುಖ ಅರಳಿತು. “ಯಾಕ್ರೆಪಾ, ನಮ್ಮ ಹುಡುಗೀನ ಕರೀತೀರೇನು?”

ಅವಧೂತ ಬೆರಳು ತೋರಿಸಿದ. “ಆಜಿ, ಹೀ ತಿಪವ್ವಾ! ಮಾಂಜರ! ರೇಣೂನೇ ಸಾಂಗಿತಲಂ!”

ಅಜ್ಜಿಗೆ ಮರಾಠಿ ಅಷ್ಟಕ್ಕಷ್ಟೆ. ಆದರೆ ಮಾಂಜರ ಎಂದರೆ ಬೆಕ್ಕು ಎಂಬುದು ಗೊತ್ತಿತ್ತು. ಹಾಗೆಂದು ಹೇಳಿದವಳು ರೇಣು ಎಂಬುದೂ ತಿಳಿಯಿತು. ಆಕೆ ಅಲ್ಲೇ ನಿಂತಿದ್ದ ಮೊಮ್ಮಗಳ ಕಡೆ ತಿರುಗಿ ನೋಡಿದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ಅಜ್ಜಿ ಸೆರಗು ಸರಿಮಾಡಿಕೊಂಡು, ಕೊತ್ತಂಬರಿಯನ್ನೂ ತರದೆ ಮೇಲೆ ಹೋದಳು.

ಅಂದಿನಿಂದ ಅಜ್ಜಿ ರೇಣುವನ್ನು ಕರೆಯುವುದನ್ನೇ ಬಿಟ್ಟಳು. ತಟ್ಟೆ ಮುಂದಿಟ್ಟು “ಉಣ್ಣು” ಎನ್ನುವಳು, ಅಷ್ಟೇ. ಜಡೆ ಹಾಕಬೇಕಾದರೆ ಬಾಚಣಿಗೆ ಹಿಡಿದು ಸುಮ್ಮನೆ ಕೂರುವಳು, ರೇಣು ತಾನಾಗಿಯೇ ಹೋಗಿ ಮುಂದೆ ಕೂರಬೇಕು. ಶುಕ್ರವಾರ ಹೋಯಿತು, ಶನಿವಾರ ಹೋಯಿತು. ತಿಪ್ಪವ್ವಾ ಎಂದು ಕೂಗಿದರೆ ಸಿಟ್ಟು ಬರುತ್ತಿದ್ದುದು ನಿಜ. ಈಗ ಯಾರೂ ಕೂಗದಿದ್ದರೆ ಅಳು ಬರುತ್ತಿತ್ತು. ಅಜ್ಜಿ ಇನ್ನು ಎಂದೆಂದಿಗೂ ಕರೆಯದಿದ್ದರೆ?

ಭಾನುವಾರ ಮಧ್ಯಾಹ್ನ ಅಜ್ಜಿ ಮಲಗಿದಾಗ, ಬಟ್ಟೆ ಮಡಚುತ್ತಿದ್ದ ಅವ್ವನ ಬಳಿ ರೇಣು ಹೋಗಿ ಕೂತಳು.

“ಅವ್ವಾ, ಅಜ್ಜಿ ನನ್ನ ಯಾಕ ಕರೀವಲ್ಲಳು?”

“ಇದ್ದ ಹೆಸರು ಬೆಕ್ಕಿಗೆ ಕೊಟ್ಟಿಯಲ್ಲ, ಇನ್ನ ಏನಂತ ಕರೀಬೇಕು?”

“ಅಂಥಾ ಹೊಲಸು ಹೆಸರು ಯಾಕ ಇಟ್ರಿ ಮತ್ತ?”

ಅವ್ವ ಮಡಚುತ್ತಿದ್ದ ಅಂಗಿಯನ್ನು ತೊಡೆಯ ಮೇಲಿಟ್ಟುಕೊಂಡಳು. “ನಿನಕಿಂತ ಮೊದಲು ಇಬ್ಬರಿದ್ರವಾ. ಒಬ್ಬಾವ ರಾಜಶೇಖರ, ಒಬ್ಬಾಕಿ ಬಂಗಾರೆವ್ವ. ಎಷ್ಟು ಚಂದ ಹೆಸರು ನೋಡು. ಇಬ್ಬರೂ ತೊಟ್ಟಿಲದಾಗ ಇದ್ದಾಗೇ ಹೋದ್ರು.”

ಇದನ್ನು ಯಾರೂ ರೇಣುವಿಗೆ ಹೇಳಿರಲಿಲ್ಲ.

“ನೀ ಹುಟ್ಟಿದ ಮ್ಯಾಲೆ ನಿಮ್ಮಜ್ಜಿಗೆ ಭಾಳ ಅಂಜಿಕಿ ಆತು. ಬುಟ್ಟ್ಯಾಗ ಹಾಕ್ಕೊಂಡು ಹೋಗಿ ಹಿತ್ತಲದ ತಿಪ್ಪಿ ಮ್ಯಾಲೆ ಇಟ್ಟು, ತಿರುಗಿ ನೋಡಲಾರದ ಬಂದಳು. ನಾ ಬ್ಯಾಡ ಬ್ಯಾಡ ಅಂದೆ. ಕೇಳಬೇಕಲ್ಲ! ಬಾಜೂ ಮನಿ ಅಂಬಾ ನಿನ್ನ ಎತಗೊಂಡು ಬಂದು, ‘ತಿಪ್ಪ್ಯಾಗ ಒಂದು ಕೂಸು ಸಿಕ್ಕದ, ತಗೋತೀರೇನ್ರಿ?’ ಅಂದಳು. ಒಂದು ಬೊಗಸಿ ನುಚ್ಚು ಕೊಟ್ಟು ನಿನ್ನ ತಗೊಂಡ್ವಿ.”

“ಯಾಕ?”

“ಸಾವು ಚಂದಂದು ನೋಡಿ ಒಯ್ತದಂತ. ತಿಪ್ಪ್ಯಾಗಿಂದು ಯಾರಿಗೆ ಬೇಕು?”

ರೇಣು ಗ್ಯಾಲರಿಯಲ್ಲಿ ಹೋಗಿ ನಿಂತಳು. ಬಿಸಿಲು ಮೆತ್ತಗಿತ್ತು. ಕಣ್ಣು ಅರ್ಧ ಮುಚ್ಚಿದರೆ ಎದುರಿನ ಬಿಲ್ಡಿಂಗುಗಳೆಲ್ಲ ಕರಗಿ ಒಂದು ಹಿತ್ತಲು ಕಾಣಿಸಿತು. ತಿಪ್ಪೆಯ ಮೇಲೊಂದು ಬುಟ್ಟಿ, ಬುಟ್ಟಿಯಲ್ಲಿ ತಾನು. ಮೇಲೆ ನೀಲಿ ಆಕಾಶ, ಕಿವಿಯ ಹತ್ತಿರ ಕೋಳಿಯ ಕುಟುಕು. ಜರಿ ರುಮಾಲಿನವನೊಬ್ಬ ಬಂದ, ಕೈಯಲ್ಲಿ ಹೆಸರಿನ ಪಟ್ಟಿ. ‘ಇಲ್ಲೇನಾದರೂ ಬಂಗಾರ ಇದೆಯಾ?’ ಎಂದ. ‘ಇಲ್ಲಪ್ಪಾ, ಬರೇ ಕಸ’ ಎಂದಿತು ಕೋಳಿ. ಅವನು ಮೂಗು ಮುಚ್ಚಿಕೊಂಡು ಮುಂದೆ ಹೋದ. ಬುಟ್ಟಿಯೊಳಗಿನ ಕೂಸು ಸದ್ದು ಮಾಡದೆ ನಕ್ಕಿತು.

ರೇಣು ಕಣ್ಣುಬಿಟ್ಟಾಗ ಕೆಳಗೆ ಗೇಟಿನ ಬಳಿ ವಾಚ್‌ಮನ್ ಕೇರಬಾ ಕಾಕಾ ಸ್ಟೂಲಿನ ಮೇಲೆ ಕೂತು ಬೀಳುವ ಎಲೆ ನೋಡುತ್ತಿದ್ದ. ಕೇರಬಾ... ಕೇರ? ಪೊರಕೆಯಿಂದ ಗುಡಿಸುತ್ತಾರಲ್ಲ, ಆ ಕಸಕ್ಕಲ್ಲವೇ ಮರಾಠಿಯಲ್ಲಿ ಕೇರ ಎನ್ನುವುದು? ದಿನಾ ಹತ್ತು ಸಲ ಕೂಗುವ ಹೆಸರು, ಒಮ್ಮೆಯೂ ಹೊಳೆದಿರಲಿಲ್ಲ! ಅವಳು ಓಡುತ್ತ ಕೆಳಗಿಳಿದಳು.

“ಕಾಕಾ, ನಿಮ್ಮ ಹೆಸರಿನ ಅರ್ಥ ಕಸ ಅಂತಲೇ ಏನ್ರಿ?” ಎಂದು ಮರಾಠಿಯಲ್ಲೇ ಕೇಳಿದಳು.

ಕಾಕಾ ಸಿಟ್ಟಾಗಲಿಲ್ಲ. ಗಹಗಹಿಸಿ ನಕ್ಕ. “ಹೌದು ಪೋರಿ! ನನಗಿಂತ ಮೊದಲು ಮೂರು ಮಕ್ಕಳು ಉಳಿಯಲಿಲ್ಲ. ನನ್ನ ಹೆತ್ತ ಆಯಿ ನನ್ನನ್ನ ಗುಡಿಸಿದ ಕಸದ ಮೇಲೆ ಮಲಗಿಸಿ ಈ ಹೆಸರಿಟ್ಟಳು. ನೋಡು, ಅರವತ್ತು ದಾಟಿದರೂ ಗಟ್ಟಿಮುಟ್ಟಾಗಿದ್ದೀನಿ!”

“ನಿಮ್ಮ ಆಯಿ ಬಿಜಾಪುರದವರಾ?”

“ಛೆ, ಸಾತಾರಾ ಕಡೆಯವಳು. ಹೊಳೆ ದಾಟಿ ಆಚೆ ಹೋದವಳೇ ಅಲ್ಲ.”

ರೇಣುವಿಗೆ ಭಾರೀ ಆಶ್ಚರ್ಯ. ಆ ಆಯಿಗೆ ಕನ್ನಡ ಗೊತ್ತಿಲ್ಲ, ಅಜ್ಜಿಗೆ ಮರಾಠಿ ಬರುವುದಿಲ್ಲ. ಒಬ್ಬರ ಮುಖ ಒಬ್ಬರು ನೋಡಿಲ್ಲ. ಆದರೂ ಸಾವಿಗೆ ಇಬ್ಬರೂ ಒಂದೇ ತರಹ ಟೋಪಿ ಹಾಕಿದ್ದರು!

ಅಷ್ಟರಲ್ಲಿ ಅವಧೂತ ಬೆಕ್ಕನ್ನು ಹುಡುಕುತ್ತ ಬಂದ. “ತಿಪವ್ವಾನ್ನ ನೋಡಿದೆಯಾ?”

“ತಿಪ್ಪವ್ವ ನಾನೇ,” ಎಂದಳು ರೇಣು. “ಬೆಕ್ಕಿನದಲ್ಲ, ನನ್ನ ಹೆಸರು. ಸುಳ್ಳು ಹೇಳಿದ್ದೆ.”

ಅವಧೂತ ಬಾಯಿ ತೆರೆದು ನಿಂತ. ಅರ್ಥವೇನೆಂದು ಕೇಳಲು ಅವನಿಗೆ ನೆನಪೇ ಆಗಲಿಲ್ಲ.

ಮೇಲೆ ಅಜ್ಜಿ ಎದ್ದು ಜೋಳ ಹಸನು ಮಾಡುತ್ತಿದ್ದಳು. “ಅಜ್ಜಿ, ಅವಧೂತಗ ಖರೇ ಹೇಳಿ ಬಂದೀನಿ,” ಎಂದಳು ರೇಣು. ಅಜ್ಜಿ “ಹೂಂ” ಎಂದಳು. ತಲೆ ಎತ್ತಲಿಲ್ಲ.

ರೇಣು ಸಪ್ಪೆ ಮುಖ ಮಾಡಿಕೊಂಡು ಹೋಮ್‌ವರ್ಕ್ ವಹಿ ಬಿಡಿಸಿದಳು. “ಅವ್ವಾ, ರೇಣು ಅಂದ್ರ ಏನು? ನಾಳೆ ತೋರಿಸಬೇಕು.”

ಅಜ್ಜಿಯ ಕೈ ಮೊರದಲ್ಲಿ ಬಿರುಸಾಯಿತು. “ಬೆಳ್ಳಿ ಬಂಗಾರ ಏನರ ಇರಬೇಕು, ಬರಿ. ನಿಮ್ಮವ್ವಗ ತಿಪ್ಪಿ ಎಲ್ಲಿ ಸೇರ್ತದ? ಅದಕ್ಕೇ ಸಾಲ್ಯಾಗ ಶಹರದ ಹೆಸರು ಬರಿಸ್ಯಾಳ.”

ಅವ್ವ ಮೆಲ್ಲಗೆ ಹೇಳಿದಳು, “ರೇಣು ಅಂದ್ರ ಧೂಳ್ರಿ, ಅತ್ತಿ.”

“ಏನಂದಿ?”

“ಧೂಳು. ಕಾಲಾಗಿನ ಮಣ್ಣು. ಡಿಕ್ಷನರ‍್ಯಾಗ ಹುಡುಕಿ ಹುಡುಕಿ ಇಟ್ಟೆ. ಈ ಊರಾಗ ತಿಪ್ಪವ್ವ ಅಂದ್ರ ನಗತಾರಂತ ಬ್ಯಾರೆ ಇಟ್ಟೆ. ಆದ್ರ ಚಂದ ಹೆಸರು ಇಡಾಕ ನನಗೂ ಧೈರ್ಯ ಆಗಲಿಲ್ರಿ.” ಅವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಅಜ್ಜಿ ಮೊರ ಕೆಳಗಿಟ್ಟಳು. “ಹುಚ್ಚಿ,” ಎಂದಳು. “ಇಷ್ಟು ವರ್ಷ ಆತು, ನನಗೊಂದು ಮಾತು ಹೇಳಬಾರದಾ?” ಎದ್ದು ಬಂದು ಸೊಸೆಯ ಪಕ್ಕದಲ್ಲೇ ಒತ್ತಿಕೊಂಡು ಕೂತಳು.

ರೇಣು ವಹಿಯ ಕಡೆ ಬಗ್ಗಿದಳು. ಹೆಸರು ಬರೆಯುವ ಜಾಗದಲ್ಲಿ ರೇಣು ಎಂದು ಬರೆದಳು, ಅದರ ಕೆಳಗೆ ತಿಪ್ಪವ್ವ ಎಂದು ಬರೆದಳು. ಅಕ್ಷರಗಳನ್ನು ದುಂಡಗೆ, ನಿಧಾನವಾಗಿ ತಿದ್ದಿದಳು.

“ತಿಪ್ಪವ್ವಾ,” ಬೆನ್ನ ಹಿಂದಿನಿಂದ ಅಜ್ಜಿಯ ದನಿ ಬಂತು. “ಏಳು, ನಿಮ್ಮವ್ವಗ ಒಂದು ಗ್ಲಾಸು ನೀರು ಕೊಡು.”

ರೇಣುವಿಗೆ ಚೆನ್ನಾಗಿಯೇ ಕೇಳಿಸಿತು. ಆದರೂ ಅಜ್ಜಿ ಇನ್ನೊಂದು ಸಲ ಕರೆಯಲಿ ಎಂದು, ಕೇಳಿಸದವಳ ಹಾಗೆ ಕೂತಿದ್ದಳು.