ಮೈ ಬೆಚ್ಚಿದ ಮೇಲೆ

"ಹೆಸರು ಗುಡುಗು... ಎದೆ ಮಾತ್ರ ಗುಬ್ಬಚ್ಚಿದು!"

ಯಂತ್ರ ನೋಡುತ್ತಿದ್ದ ಅವಳ ಮಾತಿಗೆ, ಪರೀಕ್ಷೆಗೆಂದು ಬಂದು ಪ್ರಯೋಗಾಲಯದಲ್ಲಿ ಕೂತಿದ್ದ ಬೀದಿಯವರೆಲ್ಲ ಗೊಳ್ಳೆಂದು ನಕ್ಕರು.

ವೆಲ್ಡರ್ ಗುಡುಗು ನಗಲಿಲ್ಲ. ಬೆರಳಿಗೆ ಅಂಟಿಸಿದ್ದ ವೈರನ್ನು ತಾನೇ ಕಿತ್ತಿಟ್ಟು ಎದ್ದು ಹೋದ.

ಅವಳ ಕೆಲಸ ಇಷ್ಟೇ. ಬಂದವರ ಬೆರಳಿಗೆ ವೈರು ಅಂಟಿಸಿ, ಕಿವಿಗೆ ಢಂ ಅನ್ನೋ ಸದ್ದು ಕೇಳಿಸಿ, ಮೈ ಎಷ್ಟು ಬೆವರಿತು ಅಂತ ಯಂತ್ರದಲ್ಲಿ ನೋಡೋದು. ಬೇಗ ಬೆಚ್ಚುವವರು ಗೋಡೆ ಬೇಕು, ಕಾವಲು ಬೇಕು ಅನ್ನೋ ಪಕ್ಷಕ್ಕೇ ವೋಟು ಹಾಕ್ತಾರಾ? ಸಂಶೋಧನೆ ಮಾಡುತ್ತಿದ್ದ ಅವಳ ಮೇಡಂ ಉತ್ತರ ಹುಡುಕುತ್ತಿದ್ದ ಪ್ರಶ್ನೆ ಅದು.

ಅವಳೂ ಗುಡುಗೂ ಇದ್ದ ಬೀದಿಯ ಪಕ್ಕದ ಓಣಿಗೆ ಎಲ್ಲಿಂದಲೋ ಬಂದ ಕೂಲಿಯವರು ಸೇರಿಕೊಂಡಿದ್ದರು. ಓಣಿಯ ಬಾಯಿಗೆ ಗೇಟು ಹಾಕಬೇಕು ಅಂತ ಬೀದಿಯವರ ಹಟ. ಬೇಡ ಅಂತ ಗಂಟಲು ಹರಿದುಕೊಳ್ಳುತ್ತಿದ್ದವನು ಅವನೊಬ್ಬನೇ. ಅದಕ್ಕೇ ಗುಡುಗು ಅನ್ನೋ ಹೆಸರು. ಅಂಥವನ ಗೆರೆಯೇ ಯಂತ್ರದಲ್ಲಿ ಎಲ್ಲರಿಗಿಂತ ಮೇಲಕ್ಕೆ ಹಾರಿತ್ತು!

'ಛೇ... ನಾನು ದಿನಾ ಕಿಟಕಿಯಿಂದ ಕದ್ದು ನೋಡ್ತಿದ್ದ ಮುಖ ಅದು. ಹತ್ತಿರ ಬಂದಾಗ ಬಾಯಿಗೆ ಬಂದದ್ದು ಕುಹಕ!'

ಮನೆಯಲ್ಲಿ ಚಿಕ್ಕಮ್ಮನಿಗೆ ಖುಷಿಯೋ ಖುಷಿ.

"ಗೇಟು ಬೇಡ ಅನ್ನೋನ ಮೈಯೇ ಗೇಟು ಬೇಕು ಅಂತಿದೆಯಂತಲ್ಲೇ! ಗೇಟಿನ ಸಭೆಲಿ ಇದನ್ನೇ ಎತ್ತಿ ಹಾಕ್ತೀನಿ. ಬಾಯಿ ಬಿಡಲಿ ನೋಡೋಣ."

ಇಲ್ಲ, ಅವನ ಹತ್ತಿರ ಕ್ಷಮೆ ಕೇಳಲೇಬೇಕು!

ಸಂಜೆ ಅವನು ಕೂಲಿಯವನೊಬ್ಬನ ರಿಪೇರಿಯಾದ ಸೈಕಲ್ ತಳ್ಳಿಕೊಂಡು ಓಣಿಗೆ ಹೊರಟಿದ್ದ. ಅವಳು ಹಿಂದೆಯೇ ಹೋದಳು. ಮೂಲೆಯಲ್ಲಿ ನಾಯಿ ಬೊಗಳಿದ್ದೇ ತಡ, ಅವನು ಮೆಟ್ಟಿಬಿದ್ದ. ಅಂಗಿಯ ಬೆನ್ನು ಒದ್ದೆ. ಒಂದು ಗಳಿಗೆ ನಿಂತ. ಆಮೇಲೆ ಮುಂದಕ್ಕೇ ಹೆಜ್ಜೆ ಹಾಕಿದ.

ತಿರುಗಿದವನು ಅವಳನ್ನು ನೋಡಿದ. "ನೋಡಿದ್ರಲ್ಲ? ಹೋಗಿ ಬರ್ಕೊಳ್ಳಿ."

"ಇಷ್ಟು ಭಯ ಇಟ್ಕೊಂಡು... ಯಾಕೆ ಬರ್ತೀರಿ?"

"ಭಯ ನನ್ನನ್ನ ಕೇಳಿ ಬರುತ್ತಾ? ನಮ್ಮಪ್ಪನೂ ಹೀಗೇ. ಪಾತ್ರೆ ಬಿದ್ರೆ ಹಾರ್ತಿದ್ದ. ಮೈ ಅವನದೇ ಬಂತು. ಅವನು ಬಾಗಿಲು ಹಾಕ್ಕೋತಿದ್ದ, ನಾನು ಹಾಕ್ಕೊಳಲ್ಲ. ಅಷ್ಟೇ."

ಅವಳು ಕ್ಷಮೆ ಕೇಳದೆಯೇ ಮನೆಗೆ ತಿರುಗಿದಳು. ನಾಲ್ಕು ಜನರ ಮುಂದೆ ಅಂದದ್ದನ್ನು ಓಣಿಯಲ್ಲಿ ಪಿಸುಗುಟ್ಟಿ ತೊಳೆಯೋಕಾಗುತ್ತಾ?

ಸಭೆಯಲ್ಲಿ ಚಿಕ್ಕಮ್ಮ ಸೊಂಟಕ್ಕೆ ಕೈಯಿಟ್ಟು ಶುರು ಮಾಡಿದರು. "ಯಂತ್ರಾನೇ ಹೇಳಿದೆ, ಇವನು ಪುಕ್ಕಲ!"

ಅವಳು ಎದ್ದು ನಿಂತಳು.

"ಯಂತ್ರ ತೋರಿಸಿದ್ದು ಬೆಚ್ಚಿದ್ದನ್ನ ಮಾತ್ರ. ಬೆಚ್ಚಿದ ಮೇಲೆ ಏನು ಮಾಡ್ತಾರೆ ಅಂತ ನಾನು ಕಣ್ಣಾರೆ ನೋಡ್ದೆ. ಅವತ್ತು ನಾನಾಡಿದ್ದು ಕೊಬ್ಬಿನ ಮಾತು. ತಪ್ಪಾಯ್ತು."

"ಕೂತ್ಕೊಳ್ಳೇ! ಮನೆಯವರಿಗೇ ತಿರುಗಿ ಬೀಳ್ತೀಯಾ?"

ಅವಳು ಕೂರಲಿಲ್ಲ.

ಗೇಟು ಬೇಕು ಅನ್ನೋರು ಕೈ ಎತ್ತಿದರು. ಕುರ್ಚಿಗಳೇ ಕಾಣದಷ್ಟು ಕೈ. ಬೇಡ ಅಂತ ಎದ್ದದ್ದು ಎರಡೇ... ಅವನದು, ಅವಳದು. ಗೇಟು ಪಾಸಾಯಿತು.

ಹೊರಗೆ ಮೆಟ್ಟಿಲ ಹತ್ತಿರ ಅವನು ನಿಂತಿದ್ದ.

"ನೀವ್ಯಾಕೆ ಕೈ ಎತ್ತಿದ್ರಿ? ಮನೇಲಿ ಬೈತಾರೆ."

"ಬೈಲಿ. ನನಗೆ... ನೀವು ಬೇಕು." ಹೇಳಿಯೇಬಿಟ್ಟಳು!

"ನನ್ನ ಜೊತೆ ಇದ್ರೆ ಹೀಗೇ ಸೋಲ್ತಾ ಇರಬೇಕಾಗುತ್ತೆ."

"ಇರ್ತೀನಿ."

"ನನಗಿನ್ನೂ ಕೋಪ ಇಳಿದಿಲ್ಲ."

"ಇಳಿಯೋವರೆಗೂ ಬೈಯಿರಿ. ಪಕ್ಕದಲ್ಲೇ ಇದ್ದು ಕೇಳ್ತೀನಿ."

ಅವನ ತುಟಿಯಂಚು ಸಡಿಲವಾಯಿತು. ಕೈ ಚಾಚಿದ. ಅವಳು ಹಿಡಿದುಕೊಂಡಳು.

"ಬಾ..."

ಹಿಂದಿನಿಂದ ಬೀದಿ ಸಂಘದ ಅಧ್ಯಕ್ಷರು ಕೂಗಿದರು. "ಲೋ ಗುಡುಗು! ಹೇಗೂ ವೆಲ್ಡರ್ ಅಲ್ವೇನೋ, ಗೇಟು ನೀನೇ ಮಾಡ್ಕೊಡು. ಅಳತೆಗೆ ನಾಳೆ ಬರ್ತೀಯಾ?"

ಹಿಡಿದ ಅವಳ ಕೈ ಬಿಡದೆ, ತಿರುಗಿಯೂ ನೋಡದೆ, ಅವನು ಓಣಿಯ ಕಡೆಗೆ ನಡೆದ.