ಬಿಸಿಲಕೋಟೆಯ ಮೂರು ಮರದ ಸೇತುವೆಗಳು

ಬಹಳ ಹಿಂದೆ, ಒಂಟೆಗಳೂ ನೆರಳು ಹುಡುಕುವಂಥ ಮರಳುಗಾಡಿನಲ್ಲಿ ಬಿಸಿಲಕೋಟೆ ಎಂಬ ರಾಜ್ಯವಿತ್ತು. ಅದರ ಹೆದ್ದಾರಿಯಲ್ಲಿ ಒಂದಾದ ಮೇಲೊಂದು ಮೂರು ಮರದ ಸೇತುವೆಗಳಿದ್ದವು. ಕೆಳಗೆ ಮಾತ್ರ ಹನಿ ನೀರಿರಲಿಲ್ಲ. ಅಲ್ಲಿ ಸುತ್ತಿ ಬಳಸಿ ಹರಿಯುತ್ತಿದ್ದ ಹೊಳೆಯನ್ನು ಧೂಮಕೇಶನೆಂಬ ಮಾಂತ್ರಿಕ ಒಂದು ಸೋರೆಬುರುಡೆಗೆ ತುಂಬಿಕೊಂಡು, ಬಿರಟೆ ಜಡಿದು ಹೊರಟುಹೋಗಿದ್ದ. ಒಣಗಿದ ಹೊಳೆಯಲ್ಲಿ ಉಳಿದದ್ದು ಕಾಲಿಟ್ಟವರನ್ನು ನುಂಗುವ ಮರಳು. ಹಾಗಾಗಿ ಯಾರೇ ಬಂದರೂ ಸೇತುವೆಯ ಮೇಲೆಯೇ ಬರಬೇಕಿತ್ತು.

ಸೇತುವೆಗಳನ್ನು ಕಾಯುತ್ತಿದ್ದವನು ಬಿಜ್ಜ. ಅವನಿಗೆ ಕೈಗಿಂತ ಬಾಯಿ ಜೋರು. ರಾಜಕುಮಾರಿ ಪದುಮಲೆ ಅರಮನೆಯಲ್ಲಿ ಬೇಸರವಾದಾಗಲೆಲ್ಲ ಬಂದು, ಅವನ ಜೊತೆ ಹಲಗೆಗಳಿಗೆ ಎಣ್ಣೆ ಬಳಿಯುತ್ತಿದ್ದಳು. ಬಳಿಯುತ್ತ ಬಳಿಯುತ್ತ ಇಬ್ಬರ ಮನಸ್ಸೂ ಒಂದಾಗಿತ್ತು. ಇದು ಸೇತುವೆಗಳಿಗೆ ಗೊತ್ತಿತ್ತು, ರಾಜನಿಗೆ ಗೊತ್ತಿರಲಿಲ್ಲ.

ಸೇತುವೆಗಳ ಅಗಲ ಒಂದೇ ಬಂಡಿಯಷ್ಟು. ಅದಕ್ಕೇ ಒಂದು ಕಟ್ಟಳೆಯಿತ್ತು. ಎದುರುಬದುರಾದವರು ನಡುವೆ ನಿಂತು ವಯಸ್ಸು ಹೇಳಬೇಕು; ಕಿರಿಯರು ಹಿಂದೆ ಸರಿದು ಹಿರಿಯರಿಗೆ ದಾರಿ ಬಿಡಬೇಕು. ಮೀರಿದವರ ಕಾಲನ್ನು ಹಲಗೆಗಳು ಕಚ್ಚಿ ಹಿಡಿಯುತ್ತಿದ್ದವು. ಒಮ್ಮೆ ರಾಜನ ಕಾಲನ್ನೇ ಹಿಡಿದಿದ್ದವು.

ಆ ರಾಜ, ಬಿಸಿಲಾದಿತ್ಯ, ನೀರಿಗಾಗಿ ಬೇಸತ್ತು ಡಂಗುರ ಹೊಡೆಸಿದ: "ನೀರು ತಂದವನಿಗೆ ನನ್ನ ಮಗಳು." ಇದಕ್ಕೇ ಕಾದಿದ್ದ ಧೂಮಕೇಶ ಮದುಮಗನ ವೇಷ ತೊಟ್ಟು, ಒಂಟೆ ಓಲಗಗಳ ದಿಬ್ಬಣ ಕಟ್ಟಿಕೊಂಡು, ಬುರುಡೆ ಹಿಡಿದು ಹೊರಟ. ಬಾಯಲ್ಲಿ ಎಷ್ಟು ವಯಸ್ಸು ಹೇಳುತ್ತಾನೋ ಮೈಗೂ ಅಷ್ಟೇ ವಯಸ್ಸು ಬರುವ ಮಂತ್ರ ಅವನದು. ಅದರಲ್ಲೊಂದು ತೊಡಕಿತ್ತು. ವಯಸ್ಸು ಹಿಂದಕ್ಕೆ ಬರಲು ವರ್ಷಗಟ್ಟಲೆ ತಪಸ್ಸು ಬೇಕು, ಮುಂದಕ್ಕೆ ಹೋಗಲು ಒಂದು ಮಾತು ಸಾಕು.

ಪದುಮಲೆ ಓಡುತ್ತ ಬಂದಳು. "ಬಿಜ್ಜ, ಸೂರ್ಯ ಮುಳುಗೋದ್ರೊಳಗೆ ಧಾರೆಯಂತೆ. ಅವನನ್ನ ತಡೀಬೇಕು. ಆದ್ರೆ ಬುರುಡೆ ಇಲ್ಲೇ ಉಳೀಬೇಕು."

"ನೀವೂ ಬೇಕು, ನೀರೂ ಬೇಕು. ಎರಡನ್ನೂ ಯೋಚಿಸೋಕೆ ನಂಗಿರೋದು ಒಂದೇ ತಲೆ ತಾಯಿ," ಎಂದ ಬಿಜ್ಜ. ಅವಳನ್ನು ಬಿಟ್ಟು ಬದುಕುವುದು ಅವನಿಂದ ಆಗದ ಮಾತು.

ಮೊದಲ ಸೇತುವೆಯ ನಡುವೆ ಅವನು ಮದುಮಗನಿಗೆ ಎದುರಾದ.

"ದಾರಿ ಬಿಡು," ಎಂದ ಧೂಮಕೇಶ.

"ಬಿಡ್ತೀನಿ ಬುದ್ಧಿ. ತಮಗೆ ವಯಸ್ಸೆಷ್ಟು?"

"ಇಪ್ಪತ್ತೈದು," ಎಂದು ಮಾಂತ್ರಿಕ ಮೀಸೆ ತಿರುವಿದ.

"ನಂಗೆ ಇಪ್ಪತ್ತಾರು. ಸ್ವಲ್ಪ ಹಿಂದೆ ಸರೀಬೇಕು."

ಧೂಮಕೇಶ ನುಗ್ಗಲು ನೋಡಿದ. ಹಲಗೆ ಕಾಲು ಕಚ್ಚಿತು. ವಿಧಿಯಿಲ್ಲದೆ ದಿಬ್ಬಣವೆಲ್ಲ ಹಿಮ್ಮುಖವಾಗಿ ಹೊರಟಿತು. ಒಂಟೆಗೆ ಹಿಂದಕ್ಕೆ ನಡೆಯುವುದನ್ನು ಯಾರೂ ಕಲಿಸಿರುವುದಿಲ್ಲ. ಒಂದು ಕೂತಿತು, ಇನ್ನೊಂದು ಅದರ ಮೇಲೆ ಕೂತಿತು, ಓಲಗದವನು ಎರಡರ ನಡುವೆ ಸಿಕ್ಕಿಕೊಂಡ. ಅವರು ಹಗ್ಗ ಬಿಡಿಸಿಕೊಳ್ಳುವಷ್ಟರಲ್ಲಿ ಬಿಜ್ಜ ಓಡಿಹೋಗಿ ಎರಡನೆಯ ಸೇತುವೆಯ ಮೇಲೆ ನಿಂತಿದ್ದ.

"ಮತ್ತೆ ನೀನಾ?" ಧೂಮಕೇಶ ಹಲ್ಲು ಕಡಿದ. "ಈಗ ನನಗೆ ಮೂವತ್ತು. ಸರಿ ಆಚೆ."

ಅಂದದ್ದೇ ತಡ, ಅವನ ಹೊಟ್ಟೆ ಮುಂದೆ ಬಂತು, ಸೊಂಟದ ಪಟ್ಟಿ ಪಟ್ಟೆಂದು ಹರಿಯಿತು. ಬಿಜ್ಜ ಕಟ್ಟಳೆಯಂತೆ ಹಿಂದೆ ಸರಿದ. ಆದರೆ ಕಣ್ಣೆದುರೇ ಬೆಳೆದ ಆ ಹೊಟ್ಟೆಯನ್ನು ಅವನು ಚೆನ್ನಾಗಿ ನೋಡಿದ್ದ. ಕಳ್ಳನ ಗುಟ್ಟು ಸಿಕ್ಕಿತು ಎಂದುಕೊಂಡು, ಮೂರನೆಯ ಸೇತುವೆಯ ಪಕ್ಕದಲ್ಲಿದ್ದ ತನ್ನ ಅಜ್ಜಿಯ ಗುಡಿಸಲಿಗೆ ಓಡಿದ.

ದ್ಯಾವಜ್ಜಿ ಕೋಲೂರುತ್ತ ಬಂದು ಸೇತುವೆಯ ನಡುವೆ ನಿಂತಳು. ಅವಳ ವಯಸ್ಸು ಅವಳಿಗೇ ಗೊತ್ತಿರಲಿಲ್ಲ. ಪಾಪ, ಸೇತುವೆಗೂ ಗೊತ್ತಿರಲಿಲ್ಲ; ತನ್ನನ್ನು ಕಟ್ಟಿದ ದಿನದಿಂದಲೂ ಅದು ಅವಳನ್ನು ಮುದುಕಿಯಾಗಿಯೇ ನೋಡಿತ್ತು.

"ನಂಗೆ ಎಪ್ಪತ್ತು ಇರಬೌದು ಕಣಪ್ಪ," ಎಂದಳು ಅಜ್ಜಿ.

ಸೂರ್ಯ ಇಳಿಯುತ್ತಿದ್ದ. ಧೂಮಕೇಶನಿಗೆ ತಡೆಯಲಾಗಲಿಲ್ಲ. "ಎಪ್ಪತ್ತೊಂದು," ಎಂದ. ಗಡ್ಡ ಬೆಳ್ಳಗಾಯಿತು.

"ತಾಳು, ನನ್ನ ಹಿರೀಮಗನಿಗೇ ಎಪ್ಪತ್ತು. ಹಂಗಾರೆ ನಂಗೆ ತೊಂಬತ್ತು."

"ತೊಂಬತ್ತೊಂದು!" ಮುಂದಿನ ಹಲ್ಲುಗಳು ಉದುರಿ ಹಲಗೆಯ ಮೇಲೆ ಕುಣಿದವು.

"ಹಿರೀಮಗ ಹುಟ್ಟೋ ಹೊತ್ಗೆ ನಂಗೆ ಆಗ್ಲೇ ತಲೆ ನರೆತಿತ್ತಲ್ಲ. ನೂರಿಪ್ಪತ್ತು ಅಂತಿಟ್ಕೊ."

ಮಾಂತ್ರಿಕನ ತಾಳ್ಮೆ ಅಲ್ಲಿಗೆ ಮುಗಿಯಿತು. "ಏ ಮುದುಕಿ, ನಿನ್ನ ಮುತ್ತಜ್ಜಿಯ ನಾಮಕರಣಕ್ಕೆ ಬಂದು ಉಂಡು ಹೋದವನು ನಾನು. ನನಗೆ ಮುನ್ನೂರ ಹನ್ನೆರಡು!"

ಅಜ್ಜಿ ತಕ್ಷಣ ಕೋಲು ಬದಿಗಿಟ್ಟು ಅವನ ಕಾಲಿಗೆ ಬಿದ್ದಳು. "ಮೊದ್ಲೇ ಹೇಳ್ಬಾರ್ದಾ ಯಜಮಾನ್ರೇ? ಹಿರೇರು ನೀವು. ದಾಟಿ."

ದಾರಿಯೇನೋ ಸಿಕ್ಕಿತು, ದಾಟಲು ಕಾಲು ಏಳಲಿಲ್ಲ. ಮುನ್ನೂರ ಹನ್ನೆರಡು ವರ್ಷವೂ ಒಟ್ಟಿಗೆ ಅವನ ಮೈಮೇಲೆ ಕೂತಿತ್ತು. ಕೈ ನಡುಗಿ ಬುರುಡೆ ಜಾರಿ, ಕೆಳಗೆ ಬಿದ್ದು ಒಡೆಯಿತು. ಹೊಳೆ ಭೋರ್ಗರೆಯುತ್ತ ಎದ್ದಿತು. ಮೂರೂ ಸೇತುವೆಗಳು ಒಮ್ಮೆ ಕಿರ್ರೆಂದು ನರಳಿದವು, ಆಮೇಲೆ ಗಟ್ಟಿಯಾಗಿ ನಿಂತವು.

ನೀರಿನ ಸದ್ದು ಕೇಳಿ ಊರಿಗೆ ಊರೇ ಓಡಿ ಬಂತು. ಜನ ಅಳುತ್ತ ನಗುತ್ತ ಬೊಗಸೆ ಬೊಗಸೆ ಕುಡಿದರು. ರಾಜ ಮಾತ್ರ ತಲೆಗೆ ಕೈಹೊತ್ತು ಕೂತ. ಕೊಟ್ಟ ಮಾತೆಂದರೆ ಮಾತು. ನೀರು ತಂದವನು ಈ ಮುದುಕನೇ.

ಪದುಮಲೆ ಮುಂದೆ ಬಂದು ಕೇಳಿದಳು: "ತಾತ, ಈಗಲೇ ಧಾರೆ. ಮೂರು ಗಂಟೆ ಹಸೆಮಣೆ ಮೇಲೆ ಕೂರಬೇಕು, ಏಳು ಹೆಜ್ಜೆ ತುಳೀಬೇಕು, ಐದು ದಿನ ಮೆರವಣಿಗೆ. ಆಗ್ತದಾ?"

"ಮದುವೆ ಬೇಡ ತಾಯಿ," ಎಂದ ಧೂಮಕೇಶ. "ಒಂದಿಷ್ಟು ಬಿಸಿ ಗಂಜಿ ಕೊಡು. ಮಲಗೋಕೆ ಒಂದು ಚಾಪೆ ಸಿಕ್ಕಿದ್ರೆ ಸಾಕು."

ಗಂಜಿಯನ್ನು ದ್ಯಾವಜ್ಜಿ ಕೊಟ್ಟಳು, ಬೈಗುಳವನ್ನೂ ಸೇರಿಸಿ. ಬುರುಡೆ ಇಲ್ಲೇ ಉಳಿದದ್ದು ಬಿಜ್ಜನ ಉಪಾಯದಿಂದ ಎಂದು ತಿಳಿದ ರಾಜ ಒಪ್ಪಿದ; ಅದೇ ಮುಹೂರ್ತದಲ್ಲಿ ಬಿಜ್ಜನಿಗೂ ಪದುಮಲೆಗೂ ಧಾರೆಯಾಯಿತು. ಹೊಳೆ ಹರಿಯಿತು, ಹೊಲ ಹಸುರಾಯಿತು, ಬಿಸಿಲಕೋಟೆಯ ಜನ ಹೊಟ್ಟೆ ತುಂಬ ಉಂಡು ಕಣ್ತುಂಬ ನಿದ್ದೆ ಮಾಡಿದರು.

ಅಂದು ಧಾರೆ ಮುಗಿದೊಡನೆ ಗಂಡುಹೆಣ್ಣು ಎಲ್ಲರಿಗಿಂತ ಹಿರಿಯನಾದ ಧೂಮಕೇಶನ ಕಾಲಿಗೆ ನಮಸ್ಕರಿಸಿದರು. ಮುದುಕ ಕೈಯನ್ನು ಇಬ್ಬರ ತಲೆಯ ಮೇಲಿಟ್ಟ. "ನೂರು ವರ್ಷ ಬಾಳಿ ಮಕ್ಕಳೇ," ಎಂದ. ಆಮೇಲೆ ಮೆಲ್ಲಗೆ ಸೇರಿಸಿದ: "ನೂರು ಸಾಕು."