ದರ್ಜಿಯ ಹೆಸರಿನ ಲೈಸೆನ್ಸ್

ಬೆಳಿಗ್ಗೆ ಒಂಬತ್ತು ನಲವತ್ತು. ಹದಿನೆಂಟು ವರ್ಷ ಬಸ್ಸು ಓಡಿಸಿದ್ದ ಡ್ರೈವರು ಹೊಸದಾಗಿ ಕಾರು ಕಲಿತವರ ಪರೀಕ್ಷೆಯ ಸಾಲಿನಲ್ಲಿ ಏಳನೆಯವನಾಗಿ ನಿಂತಿದ್ದ. ಕೈಯಲ್ಲಿದ್ದ ಕಾಗದಗಳೆಲ್ಲ ತಮ್ಮನವು.

ಪಕ್ಕದ ರಾಜ್ಯದವರು ಅವನ ಲೈಸೆನ್ಸನ್ನು ಒಂದು ವರ್ಷ ಅಮಾನತಿನಲ್ಲಿಟ್ಟಿದ್ದರು. ಅತಿವೇಗ, ಮೂರು ಸಲ. ಅವಸರ ಪ್ರಯಾಣಿಕರದು, ಶಿಕ್ಷೆ ಮಾತ್ರ ತನಗೆ ಎಂಬುದು ಅವನ ದೂರು. ಗಡಿ ದಾಟಿ ಬಂದರೂ ಇಲ್ಲಿಯ ಕಚೇರಿಯ ಕಂಪ್ಯೂಟರಿನಲ್ಲಿ ಅದೇ ತಡೆ. ಕಾರ್ಖಾನೆಯ ಮ್ಯಾನೇಜರರ ಕಾರು ಓಡಿಸುವ ಕೆಲಸ ಸಿಕ್ಕಿತ್ತು. ಸೋಮವಾರ ಲೈಸೆನ್ಸ್ ತೋರಿಸದಿದ್ದರೆ ಅದು ಬೇರೆಯವರ ಪಾಲು.

ತಮ್ಮ ದರ್ಜಿ. ಅಣ್ಣನಿಗಿಂತ ಒಂದೇ ವರ್ಷ ಚಿಕ್ಕವನು. ಮೀಸೆಯೊಂದಿಲ್ಲ, ಉಳಿದಂತೆ ಅದೇ ಮುಖ.

“ನನ್ನ ಹೆಸರಲ್ಲಿ ಲೈಸೆನ್ಸಾ? ನಂಗೆ ಹೊಲಿಗೆ ಯಂತ್ರ ಬಿಟ್ರೆ ಬೇರೇನೂ ತುಳಿದು ಗೊತ್ತಿಲ್ಲ ಅಣ್ಣ.”

“ನೀನು ತುಳಿಯೋದು ಬೇಡ ಮಾರಾಯ. ನಾನು ತುಳೀತೀನಿ.”

ಮೀಸೆ ಹೋಯಿತು. ಇನ್ನು ಮೇಲೆ ತಮ್ಮನ ಹೆಸರಿಗೆ ಓಗೊಡಬೇಕು, ಅಷ್ಟೆ. ಕಷ್ಟವಾದದ್ದು ಕೆಟ್ಟದಾಗಿ ಓಡಿಸುವುದು. ಎರಡು ವಾರ ಅದನ್ನೇ ಕಲಿತ. ಸ್ಟೇರಿಂಗನ್ನು ಕೊಡಪಾನದ ಕಂಠದಂತೆ ಅವುಚಿ ಹಿಡಿಯುವುದು, ಗೇರು ಹಾಕುವ ಮೊದಲು ಬಗ್ಗಿ ನೋಡುವುದು, ಒಮ್ಮೆ ಎಂಜಿನ್ ಆರಿಸುವುದು. ಎರಡು ತಪ್ಪಿಗೆ ಪಾಸು, ಮೂರಕ್ಕೆ ಫೇಲು ಎಂದು ವಿಚಾರಿಸಿ ತಿಳಿದುಕೊಂಡಿದ್ದ. ಆದ್ದರಿಂದ ಎಣಿಸಿ ಎರಡೇ ತಪ್ಪು.

“ಮುಂಚೆ ಏನಾದ್ರೂ ಓಡಿಸಿದ್ದೀರಾ?” ಪಕ್ಕದಲ್ಲಿ ಕೂತ ಇನ್ಸ್‌ಪೆಕ್ಟರಮ್ಮ ಕೇಳಿದರು.

“ಹೊಲಿಗೆ ಯಂತ್ರ, ಮೇಡಂ.”

ಅವರು ನಕ್ಕರು. ತಿರುವಿನಲ್ಲಿ ಎಂಜಿನ್ ಆರಿತು. ಮುಂದೆ ಗೇರು ಕಿರುಗುಟ್ಟಿತು. ಮೂರನೆಯ ತಪ್ಪು ಆಗಲಿಲ್ಲ.

“ಪರವಾಗಿಲ್ಲ, ಪಾಸು. ಎಂಜಿನ್ ಆರಿಸಬೇಡಿ, ಮುಂದಿನವರು ಹತ್ತಲಿ,” ಎಂದು ಇನ್ಸ್‌ಪೆಕ್ಟರಮ್ಮ ಇಳಿದು ಕಾರಿನ ಹಿಂಬದಿಗೆ ಬಂದರು. ಕೈಯಲ್ಲಿದ್ದ ಹಲಗೆಯ ಕಾಗದಗಳು ಓರೆಯಾಗಿದ್ದವು. ಸರಿಮಾಡಲು ಅದನ್ನು ಡಿಕ್ಕಿಯ ಮೇಲೆ ಎರಡು ಸಲ ಕುಟ್ಟಿದರು. ಠಪ್, ಠಪ್. ಕಾರು ಹೊರಟಿತು. ಕ್ಲಚ್ಚು ಬೆಣ್ಣೆಯಂತೆ ಮೇಲೆದ್ದಿತ್ತು, ಅವನ ಕಣ್ಣು ಕನ್ನಡಿಯಲ್ಲಿತ್ತು. ಹದಿನೆಂಟು ವರ್ಷ ಕಂಡಕ್ಟರು ಹಿಂದಿನಿಂದ ಎರಡು ತಟ್ಟಿದಾಗಲೆಲ್ಲ ಹೊರಟ, ಒಂದು ತಟ್ಟಿದಾಗಲೆಲ್ಲ ನಿಂತ ಕಾಲು ಅದು. ಇನ್ಸ್‌ಪೆಕ್ಟರಮ್ಮ ನಾಲ್ಕು ಹೆಜ್ಜೆ ಓಡಿ ಅಂಗೈಯಿಂದ ಒಮ್ಮೆ ಬಡಿದರು. ಕಾರು ಅಲ್ಲಾಡದೆ ನಿಂತಿತು. “ನಮ್ಮಪ್ಪ ಕಂಡಕ್ಟರ್ ಆಗಿದ್ರು,” ಎಂದರು ಕಿಟಕಿಗೆ ಬಗ್ಗಿ. “ನೀವು ಎಷ್ಟು ವರ್ಷ ಬಸ್ ಓಡಿಸಿದ್ರಿ?” ಹತ್ತು ಇಪ್ಪತ್ತಕ್ಕೆ ಕಚೇರಿಯೊಳಗೆ ಅವನ ಹೆಬ್ಬೆರಳ ಗುರುತು ತೆಗೆದುಕೊಂಡರು. ಪರದೆಯ ಮೇಲೆ ಮೂಡಿದ ಮುಖಕ್ಕೆ ಮೀಸೆಯಿತ್ತು.